ಮೃಗಗಳ ಪರವಾಗಿ ಮಾತನಾಡಿದ ಕಂಠ

ವಾಚಕರೇ, ನಿಮ್ಮ ಮನೆಯ ಹಜಾರದಲ್ಲಿರುವ ರೇಡಿಯೊ ಪೆಟ್ಟಿಗೆಯಿಂದ ದಿನವೂ ಕೇಳಿಬರುವ ಕಂಠಗಳಲ್ಲಿ ಒಂದೆರಡಾದರೂ ನಿಮಗೆ ಮನೆಯವರ ಕಂಠದಷ್ಟೇ ಪರಿಚಿತವಾಗಿರಬೇಕು. ಆ ಮನುಷ್ಯನ ಮುಖವನ್ನು ನೀವು ಕಂಡಿಲ್ಲ, ಊರು ಯಾವುದೆಂದು ಅರಿಯಿರಿ. ಆದರೂ ಒಂದು ದಿನ ಆತನ ದನಿ ಕಟ್ಟಿದ್ದರೆ, “ಪಾಪ, ನೆಗಡಿಯಾಗಿದೆಯೆಂದು ಕಾಣುತ್ತದೆ” ಎಂದು ಮನೆಯ ಹಿರಿಯರು ಮರುಗುತ್ತಾರೆ. ಆತ ಹೇಳಿದ್ದು ನಿಜವೇ ಎಂದು ಯಾರೂ ಕೇಳುವುದಿಲ್ಲ. ಮನೆಯೊಳಕ್ಕೆ ಬಂದು ಮಾತನಾಡುವವನನ್ನು ನಂಬುವುದು ನಮ್ಮ ಸ್ವಭಾವ. ಹಾಗೆ ನಂಬಿಸಿಕೊಂಡವನ ಮೇಲೆ ಎಂಥ ಹೊಣೆ ಬೀಳುತ್ತದೆ ಎಂಬುದನ್ನು ಮಾತ್ರ ನಾವು ಯೋಚಿಸುವುದು ಕಡಿಮೆ.

ಮಹಾಭಾರತದ ಸಂಜಯನನ್ನು ನೆನೆದುಕೊಳ್ಳಿ. ಕುರುಡ ಅರಸನಿಗೆ ರಣರಂಗವನ್ನು ಕಾಣಿಸಿದವನು ಅವನು. ಅರಸನಿಗೆ ಬೇರೆ ಕಣ್ಣಿರಲಿಲ್ಲ. ಸಂಜಯನು ಹೇಳಿದ್ದೇ ಯುದ್ಧ, ಹೇಳದೆ ಬಿಟ್ಟದ್ದು ನಡೆಯದಂತೆಯೇ ಲೆಕ್ಕ. ನಮ್ಮ ಕಾಲದಲ್ಲಿ ಸಂಜಯನ ಕೆಲಸವನ್ನು ಕೈಗೊಂಡವರು ಬಾನುಲಿಯವರು, ದೂರದರ್ಶನದವರು, ಸಾಕ್ಷ್ಯಚಿತ್ರಗಳನ್ನು ತೆಗೆಯುವವರು. ಅಂಥವರಲ್ಲಿ ಒಬ್ಬ ಜರ್ಮನ್ ಮಹನೀಯರ ಬಾಳನ್ನು ಇಂದು ನಿಮ್ಮ ಮುಂದಿಡಬೇಕೆಂದಿದ್ದೇನೆ. ಅವರ ಹೆಸರು ಬೆರ್ನ್‌ಹಾರ್ಡ್ ಗ್ಜಿಮೆಕ್. ನಮ್ಮ ನಾಲಗೆಗೆ ಈ ಹೆಸರು ಒಗ್ಗುವುದು ಕಷ್ಟವೇ. ಆದರೆ ಜರ್ಮನ್ ಮಾತನಾಡುವ ನಾಡಿನಲ್ಲಿ ಒಂದು ತಲೆಮಾರಿನ ಮಕ್ಕಳಿಗೆಲ್ಲ ಅದು ಬಾಯಿಪಾಠವಾಗಿತ್ತು.

ಗ್ಜಿಮೆಕ್ ಹುಟ್ಟಿದ್ದು ೧೯೦೯ರ ಏಪ್ರಿಲ್ ೨೪ರಂದು, ಸೈಲೀಷಿಯಾ ಪ್ರಾಂತದ ನೈಸೆ ಎಂಬ ಪಟ್ಟಣದಲ್ಲಿ. ಆಗ ಅದು ಜರ್ಮನಿಗೆ ಸೇರಿತ್ತು. ಈಗ ಪೋಲೆಂಡಿನಲ್ಲಿದೆ, ಹೆಸರು ನಿಸಾ. ತಂದೆ ವಕೀಲರು, ಮಗುವಿಗೆ ಮೂರು ವರ್ಷವಾಗಿದ್ದಾಗಲೇ ತೀರಿಕೊಂಡರು. ಹುಡುಗ ಲೈಪ್‌ಜಿಗ್ ಮತ್ತು ಬರ್ಲಿನ್ ನಗರಗಳಲ್ಲಿ ಪಶುವೈದ್ಯವನ್ನು ಓದಿ ೧೯೩೩ರಲ್ಲಿ ಡಾಕ್ಟರ್ ಪದವಿ ಪಡೆದ. ಅನಂತರ ಸರಕಾರದ ಆಹಾರ ಖಾತೆಯಲ್ಲಿ ಕೋಳಿ ಮತ್ತು ಮೊಟ್ಟೆಗಳ ತಜ್ಞನಾಗಿ ಕೆಲಸ. ಮುಂದೆ ಜಗತ್ತಿಗೆ ಸಿಂಹ, ಆನೆಗಳನ್ನು ತೋರಿಸಿದ ಮನುಷ್ಯನ ಮೊದಲ ವಿದ್ಯೆ ಕೋಳಿಯ ರೋಗಗಳದು ಎಂಬುದು ಗಮನಿಸತಕ್ಕ ವಿಷಯ. ಕೋಳಿಗಳು ಈ ಕಥೆಯಲ್ಲಿ ಇನ್ನೊಮ್ಮೆ ಬರಲಿವೆ.

೧೯೪೫ರಲ್ಲಿ ಜರ್ಮನಿ ಸೋತು ನೆಲಕಚ್ಚಿತು. ಫ್ರಾಂಕ್‌ಫರ್ಟ್ ನಗರದ ಮೃಗಾಲಯ ೧೮೫೮ರಷ್ಟು ಹಿಂದಿನದು; ೧೯೪೪ರ ಮಾರ್ಚಿಯಲ್ಲಿ ಬಿದ್ದ ಬಾಂಬುಗಳಿಂದ ಅದು ಬೂದಿಯಾಗಿತ್ತು. ಉಳಿದ ಪ್ರಾಣಿಗಳನ್ನು ಬೆರಳುಮಡಿಸಿ ಎಣಿಸಬಹುದಾಗಿತ್ತು. ಜನಕ್ಕೇ ತಿನ್ನಲು ರೊಟ್ಟಿಯಿಲ್ಲದಾಗ ಮೃಗಗಳಿಗೆಲ್ಲಿಯ ಆಹಾರ? ಇದನ್ನು ಮುಚ್ಚಿಬಿಡುವುದೇ ಲೇಸೆಂದು ತೋರುತ್ತಿದ್ದ ಹೊತ್ತಿನಲ್ಲಿ, ಆ ವರ್ಷದ ಮೇ ತಿಂಗಳಲ್ಲಿ, ಮೂವತ್ತಾರು ವರ್ಷದ ಗ್ಜಿಮೆಕ್ ಅದರ ನಿರ್ದೇಶಕರಾದರು. ಜುಲೈ ತಿಂಗಳಲ್ಲಿಯೇ ಬಾಗಿಲು ತೆರೆದರು. ನೋಡಲು ಮೃಗಗಳು ಸಾಲದಿದ್ದರೆ ಸರ್ಕಸ್, ಕುಣಿತ, ಜಾತ್ರೆಯ ಆಟಗಳು. ಯುದ್ಧದಿಂದ ಬಸವಳಿದ ಜನಕ್ಕೆ ನಗಲು ಒಂದು ಸ್ಥಳ ಬೇಕಾಗಿತ್ತು. ಜನ ಬಂದರು, ಟಿಕೆಟ್ಟಿನ ಹಣ ಬಂತು, ಮೃಗಾಲಯ ಉಳಿಯಿತು. ಜನರನ್ನು ಕರೆದು ಕೂರಿಸುವ ಕಲೆ ಈ ಮನುಷ್ಯನಿಗೆ ಕರಗತವಾದದ್ದು ಆ ಹಾಳುಗೋಡೆಗಳ ನಡುವೆ. ೧೯೭೪ರವರೆಗೆ ಅವರು ಅದೇ ಗದ್ದುಗೆಯಲ್ಲಿದ್ದರು.

ಜರ್ಮನಿಯಲ್ಲಿ ಯುದ್ಧಾನಂತರ ದೂರದರ್ಶನವು ಕಣ್ತೆರೆದದ್ದು ೧೯೫೨ರ ಕೊನೆಯಲ್ಲಿ. ೧೯೫೭ರ ಹೊತ್ತಿಗೆ ಪಶ್ಚಿಮ ಜರ್ಮನಿಯಲ್ಲಿ ಹತ್ತು ಲಕ್ಷ ಪೆಟ್ಟಿಗೆಗಳಾದವು. ೧೯೬೩ರಲ್ಲಿ ಎರಡನೆಯ ರಾಷ್ಟ್ರೀಯ ಕಾರ್ಯಕ್ರಮ ಬರುವ ತನಕ ದೇಶಕ್ಕೆಲ್ಲ ಹೆಚ್ಚುಕಡಮೆ ಒಂದೇ ಕಾರ್ಯಕ್ರಮ. ಹೀಗಾಗಿ ಒಬ್ಬ ಮನುಷ್ಯ ಒಂದು ಸಂಜೆ ಮಾತನಾಡಿದರೆ ಮರುದಿನ ಶಾಲೆ, ಕಾರ್ಖಾನೆ, ಅಂಗಡಿಗಳಲ್ಲೆಲ್ಲ ಅದೇ ಮಾತು. ಆ ಕಾಲದಲ್ಲಿ, ೧೯೫೬ರ ಅಕ್ಟೋಬರ್ ೨೮ರಂದು, ಗ್ಜಿಮೆಕ್ ಮೊದಲ ಬಾರಿಗೆ “ಪ್ರಾಣಿಗಳಿಗೊಂದು ಜಾಗ” ಎಂಬ ಕಾರ್ಯಕ್ರಮವನ್ನು ನಡೆಸಿಕೊಟ್ಟರು. ಅದು ೧೯೮೭ರವರೆಗೆ, ಮೂವತ್ತು ವರ್ಷ, ಸುಮಾರು ೧೭೫ ಸಲ ನಡೆಯಿತು. ಅದರ ಉಚ್ಛ್ರಾಯದ ದಿನಗಳಲ್ಲಿ ನೋಡುಗರ ಪೈಕಿ ನೂರಕ್ಕೆ ಎಪ್ಪತ್ತರಷ್ಟು ಮಂದಿ ಅದರ ಮುಂದೆಯೇ ಕುಳಿತಿರುತ್ತಿದ್ದರೆಂದು ಹೇಳುತ್ತಾರೆ.

ಅದರಲ್ಲಿ ಅಂಥದೇನಿತ್ತು ಎಂದು ನೀವು ಕೇಳಬಹುದು. ನಿಜ ಹೇಳಬೇಕೆಂದರೆ, ಮೇಲುನೋಟಕ್ಕೆ ಏನೂ ಇರಲಿಲ್ಲ. ಸೂಟು ತೊಟ್ಟ, ಬೆಳ್ಳಗಾಗುತ್ತಿದ್ದ ಕೂದಲಿನ ಒಬ್ಬ ಗೃಹಸ್ಥರು ಮೇಜಿನ ಹಿಂದೆ ಕುಳಿತು, ಸ್ವಲ್ಪ ಮೂಗಿನಲ್ಲಿ ಬರುವ ದನಿಯಲ್ಲಿ, “ಶುಭ ಸಂಜೆ, ನನ್ನ ಪ್ರಿಯ ಮಿತ್ರರೇ” ಎನ್ನುತ್ತಿದ್ದರು. ಆ ಮೇಜಿನ ಮೇಲೋ ಅವರ ಹೆಗಲ ಮೇಲೋ ಮೃಗಾಲಯದಿಂದ ತಂದ ಒಂದು ಜೀವಂತ ಪ್ರಾಣಿ. ಒಂದು ದಿನ ಚೀತಾ, ಮತ್ತೊಂದು ದಿನ ಮರಿ ಕೋತಿ. ಅದು ಅವರ ಕಾಗದಗಳನ್ನು ಕೆದಕಲಿ, ಕನ್ನಡಕಕ್ಕೆ ಕೈಹಾಕಲಿ, ಅವರು ಮಾತ್ರ ಎಲ್ಲಿಯೂ ದನಿಯೇರಿಸದೆ, ಏನೂ ಆಗಿಲ್ಲವೆಂಬಂತೆ ವಿಷಯವನ್ನು ಮುಂದುವರಿಸುವರು. ನೋಡುತ್ತಿದ್ದವರಿಗೆ ಪ್ರಾಣಿಯ ತುಂಟತನದಲ್ಲಿ ನಗು, ಮಾತಿನಲ್ಲಿ ವಿಶ್ವಾಸ. ನಾನು ಉಪಾಧ್ಯಾಯ, ಮೂವತ್ತು ವರ್ಷ ಮಕ್ಕಳ ಮುಂದೆ ನಿಂತವನು. ತರಗತಿಯ ಕಣ್ಣನ್ನು ಒಂದು ವಸ್ತುವಿನ ಮೇಲೆ ನಿಲ್ಲಿಸಿ, ಕಿವಿಗೆ ಬೇರೊಂದು ವಿಚಾರವನ್ನು ತುಂಬುವುದು ಎಷ್ಟು ಕಷ್ಟದ ವಿದ್ಯೆಯೆಂಬುದನ್ನು ಬಲ್ಲೆ.

ಕಾರ್ಯಕ್ರಮದ ಕೊನೆಯಲ್ಲಿ ಅವರು ಭಿಕ್ಷೆ ಬೇಡುತ್ತಿದ್ದರು. ವಿನಾಶದಂಚಿನಲ್ಲಿರುವ ಪ್ರಾಣಿಗಳಿಗಾಗಿ ನೆರವು ಕೊಡಿ ಎಂದು ನೇರವಾಗಿ ಕೇಳುವುದಕ್ಕೆ ಅವರಿಗೆ ಸಂಕೋಚವಿರಲಿಲ್ಲ. ಹಣ ಹರಿದುಬಂತು. ಅದರಿಂದ ಆಫ್ರಿಕದ ಕಾವಲುಗಾರರಿಗೆ ವಾಹನಗಳಾದವು, ಸಂಶೋಧನೆಗೆ ನೆಲೆಯಾಯಿತು. ಇನ್ನೊಂದು ತಮಾಷೆಯ ಪ್ರಸಂಗವನ್ನೂ ಹೇಳುತ್ತಾರೆ. ಪೂರ್ವ ಆಫ್ರಿಕಕ್ಕೆ ಇಷ್ಟು ಹಣಕ್ಕೆ ಪ್ರವಾಸ ಹೋಗಿಬರಬಹುದೆಂದು ಅವರು ಒಂದು ಸಂಜೆ ತೆರೆಯ ಮೇಲೆ ಹೇಳಿಬಿಟ್ಟರಂತೆ. ಅಂಥ ಪ್ರವಾಸವನ್ನು ಯಾವ ಸಂಸ್ಥೆಯೂ ಏರ್ಪಡಿಸಿರಲಿಲ್ಲ! ಮರುದಿನ ಜನ ಪ್ರವಾಸದ ಕಚೇರಿಗಳಿಗೆ ಮುತ್ತಿಗೆ ಹಾಕಿದಾಗ ಅವರು ಬೇರೆ ದಾರಿ ಕಾಣದೆ ಪ್ರವಾಸವನ್ನು ಏರ್ಪಡಿಸಿದರಂತೆ. ಪ್ರವಾಸಿಗರ ಹಣ ಬಂದರೆ ಬಡ ದೇಶಗಳು ಮೃಗಗಳನ್ನು ಉಳಿಸಿಕೊಳ್ಳುತ್ತವೆ ಎಂಬುದು ಅವರ ಲೆಕ್ಕ. ಲೆಕ್ಕ ಸರಿಯಾಯಿತು. ಆದರೆ ಇಲ್ಲದ್ದನ್ನು ಇದೆ ಎಂದು ಹೇಳಿಯೂ ನಂಬಿಸಬಲ್ಲ ಕಂಠ ಅದು ಎಂಬುದನ್ನು ನಾವು ನೆನಪಿನಲ್ಲಿಟ್ಟುಕೊಳ್ಳೋಣ.

ಇನ್ನು ಸೆರೆಂಗೆಟಿಯ ಕಥೆ. ಪೂರ್ವ ಆಫ್ರಿಕದ ಟಾಂಗನೀಕ ಆಗ ಬ್ರಿಟಿಷರ ಆಡಳಿತದಲ್ಲಿತ್ತು. ಇಂದಿನ ಟಾನ್ಜಾನಿಯದ ಮುಖ್ಯ ಭಾಗವೇ ಅದು. ಅಲ್ಲಿನ ಒಂದು ಮಹಾ ಹುಲ್ಲುಬಯಲೇ ಸೆರೆಂಗೆಟಿ. ದನಗಾಹಿಗಳಾದ ಮಸಾಯಿ ಜನರ ಭಾಷೆಯಲ್ಲಿ ಆ ಹೆಸರಿಗೆ ಕೊನೆಯಿಲ್ಲದ ಬಯಲು ಎಂದರ್ಥ. ೧೯೫೧ರಲ್ಲಿ ಅದು ರಾಷ್ಟ್ರೀಯ ಉದ್ಯಾನವಾಯಿತು. ಕೆಲವು ವರ್ಷಗಳಲ್ಲಿಯೇ ಅದರ ಎಲ್ಲೆಯನ್ನು ಕತ್ತರಿಸುವ ಮಾತು ಎದ್ದಿತು. ಗ್ಜಿಮೆಕ್ ಮತ್ತು ಅವರ ಮಗ ಮಿಖಾಯೆಲ್ ಇದಕ್ಕೆ ಮುಂಚೆಯೇ “ಕಾಡುಮೃಗಗಳಿಗೆ ಜಾಗವಿಲ್ಲ” ಎಂಬ ಚಿತ್ರವನ್ನು ಕಾಂಗೊ ನಾಡಿನಲ್ಲಿ ತೆಗೆದು, ೧೯೫೬ರ ಬರ್ಲಿನ್ ಚಿತ್ರೋತ್ಸವದಲ್ಲಿ ಚಿನ್ನದ ಕರಡಿಯ ಪ್ರಶಸ್ತಿಯನ್ನು ಗೆದ್ದಿದ್ದರು. ಆ ಚಿತ್ರದಿಂದ ಬಂದ ಹಣದಲ್ಲಿ ಉದ್ಯಾನಕ್ಕೆ ಭೂಮಿ ಕೊಂಡುಕೊಡುತ್ತೇವೆಂದು ತಂದೆ ಮಕ್ಕಳು ಮುಂದೆ ಬಂದರು. ಭೂಮಿಗಿಂತ ತಿಳಿವಳಿಕೆ ಹೆಚ್ಚು ಬೇಕಾಗಿದೆ, ಮೃಗಗಳು ಎಷ್ಟಿವೆ, ಯಾವ ತಿಂಗಳಲ್ಲಿ ಎಲ್ಲಿಗೆ ಹೋಗುತ್ತವೆ ಎಂಬುದನ್ನು ಕಂಡುಹಿಡಿದುಕೊಡಿ ಎಂದು ಅಲ್ಲಿನ ಉದ್ಯಾನಗಳ ಅಧಿಕಾರಿ ಸೂಚಿಸಿದರು.

ಸರಿ, ತಂದೆ ಮಗ ಇಬ್ಬರೂ ವಿಮಾನ ನಡೆಸುವುದನ್ನು ಕಲಿತರು. ಡಾರ್ನಿಯೆರ್ ಜಾತಿಯ ಒಂದು ಪುಟ್ಟ ವಿಮಾನಕ್ಕೆ ಜೀಬ್ರಾದಂತೆ ಕಪ್ಪು ಬಿಳಿ ಪಟ್ಟೆಗಳನ್ನು ಬಳಿಸಿ, ೧೯೫೭ರ ಡಿಸೆಂಬರಿನಲ್ಲಿ ಫ್ರಾಂಕ್‌ಫರ್ಟಿನಿಂದ ಆಫ್ರಿಕಕ್ಕೆ ತಾವೇ ಹಾರಿಸಿಕೊಂಡು ಹೋದರು. ವಿಮಾನದ ಗುರುತಿನ ಅಕ್ಷರಗಳನ್ನು ಕೂಡಿಸಿ ಓದಿದರೆ ಜರ್ಮನ್ ಭಾಷೆಯಲ್ಲಿ ಬಾತುಕೋಳಿ ಎಂದಾಗುತ್ತಿತ್ತು. ಬಯಲನ್ನು ಭಾಗಗಳಾಗಿ ವಿಂಗಡಿಸಿ, ತಗ್ಗಿನಲ್ಲಿ ಹಾರುತ್ತ, ಮಂದೆಗಳನ್ನು ಎಣಿಸಿದರು. ಕೆಲವು ಪ್ರಾಣಿಗಳಿಗೆ ಬಣ್ಣದ ಕೊರಳಪಟ್ಟಿ ಕಟ್ಟಿ ಅವುಗಳ ದಾರಿಯನ್ನು ಹಿಂಬಾಲಿಸಿದರು. ಎಲ್ಲೆಲ್ಲಿ ಯಾವ ಹುಲ್ಲು ಬೆಳೆಯುತ್ತದೆ ಎಂಬುದನ್ನೂ ಪರೀಕ್ಷಿಸಿದರು. ಎಣಿಕೆಗೆ ಸಿಕ್ಕ ದೊಡ್ಡ ಪ್ರಾಣಿಗಳು ಒಟ್ಟು ೩,೬೬,೯೮೦. ದನದ ಮುಖ, ಕುದುರೆಯ ಬಾಲವುಳ್ಳ ವಿಲ್ಡಬೀಸ್ಟ್ ಎಂಬ ಮೃಗಗಳು ೯೯,೪೮೧, ಜೀಬ್ರಾಗಳು ೫೭,೧೯೯, ಗೆಜೆಲ್ ಜಿಂಕೆಗಳು ೧,೯೪,೬೫೪. ಇದಕ್ಕಿಂತ ಮುಖ್ಯವಾದದ್ದು ಇನ್ನೊಂದು. ಮಂದೆಗಳು ಮಳೆಯನ್ನೂ ಹುಲ್ಲನ್ನೂ ಅರಸಿ ನಡೆಯುವ ದಾರಿ ಒಂದು ಕಡೆ, ಅಧಿಕಾರಿಗಳು ನಕ್ಷೆಯ ಮೇಲೆ ಎಳೆದ ಎಲ್ಲೆ ಇನ್ನೊಂದು ಕಡೆ ಎಂಬುದು ಆಗ ಸ್ಪಷ್ಟವಾಯಿತು. ನಕ್ಷೆಯ ಗೆರೆ ಮೃಗಕ್ಕೆ ತಿಳಿಯುವುದೆಂತು?

ಕೆಲಸ ಮುಗಿಯುತ್ತ ಬಂದಿತ್ತು. ೧೯೫೯ರ ಜನವರಿ ೧೦ರಂದು ಮಿಖಾಯೆಲ್ ಒಬ್ಬನೇ ಆ ಪಟ್ಟೆಯ ವಿಮಾನದಲ್ಲಿ ಹಾರುತ್ತಿದ್ದಾಗ ಒಂದು ರಣಹದ್ದು ರೆಕ್ಕೆಗೆ ಬಡಿಯಿತು. ವಿಮಾನ ಬಿದ್ದಿತು. ಹುಡುಗನಿಗೆ ಇಪ್ಪತ್ತನಾಲ್ಕು ವರ್ಷ. ಮನೆಯಲ್ಲಿ ಎಳೆಯ ಹೆಂಡತಿ. ಗೊರೊಂಗೊರೊ ಎಂಬ ಆರಿದ ಜ್ವಾಲಾಮುಖಿಯ ಅಂಚಿನಲ್ಲಿ, ಕೆಳಗೆ ಮಂದೆಗಳು ಕಾಣುವ ಜಾಗದಲ್ಲಿ ಅವನನ್ನು ಸಮಾಧಿ ಮಾಡಿದರು. ತಂದೆ ಉಳಿದ ಕೆಲಸವನ್ನು ಮುಗಿಸಿದರು. “ಸೆರೆಂಗೆಟಿ ಸಾಯಬಾರದು” ಎಂಬ ಹೆಸರಿನಲ್ಲಿ ಪುಸ್ತಕವೂ ಚಿತ್ರವೂ ಅದೇ ವರ್ಷ ಹೊರಬಂದವು. ೧೯೬೦ರಲ್ಲಿ ಆ ಚಿತ್ರಕ್ಕೆ ಅಮೆರಿಕದ ಆಸ್ಕರ್ ಪ್ರಶಸ್ತಿ ದೊರೆಯಿತು. ಯುದ್ಧಾನಂತರ ಜರ್ಮನ್ ಚಿತ್ರವೊಂದಕ್ಕೆ ಸಂದ ಮೊದಲ ಆಸ್ಕರ್ ಅದು. ಪ್ರಶಸ್ತಿಯ ಗೊಂಬೆಯನ್ನು ಕೈಯಲ್ಲಿ ಹಿಡಿದ ತಂದೆಯ ಮನಸ್ಸು ಹೇಗಿದ್ದಿರಬೇಕೆಂದು ಮಕ್ಕಳನ್ನು ಹೆತ್ತವರಿಗೆ ಬೇರೆ ಹೇಳಬೇಕಾಗಿಲ್ಲ.

ಆ ಸಾವಿನಿಂದ ಅವರ ಮಾತಿಗೆ ಒಂದು ತೂಕ ಬಂತು. ಮಗನನ್ನೇ ಕೊಟ್ಟವನು ಕೇಳುತ್ತಿದ್ದಾನೆ ಎಂಬ ಭಾವನೆ ಜನರಲ್ಲಿ ನೆಲಸಿತು. ಅವರೂ ಆ ತೂಕವನ್ನು ವ್ಯರ್ಥಮಾಡಲಿಲ್ಲ. ಕೆನಡದ ಹಿಮದ ಮೇಲೆ ಸೀಲ್ ಮರಿಗಳನ್ನು ಬಡಿದು ಕೊಲ್ಲುವುದರ ವಿರುದ್ಧ ೧೯೬೪ರಿಂದ ಚಳವಳಿ ಹೂಡಿದರು. ಚಿರತೆಯ ಚರ್ಮದ ಕೋಟು ತೊಡುವ ಶ್ರೀಮಂತ ಹೆಂಗಸರಿಗೆ ನಾಚಿಕೆ ಹುಟ್ಟಿಸಿದರು. ೧೯೭೦ರಲ್ಲಿ ಬವೇರಿಯದ ಅಡವಿಯಲ್ಲಿ ಜರ್ಮನಿಯ ಮೊಟ್ಟಮೊದಲ ರಾಷ್ಟ್ರೀಯ ಉದ್ಯಾನ ತೆರೆದುದರ ಹಿಂದೆ ಅವರ ಒತ್ತಾಯವಿತ್ತು. ಅದೇ ವರ್ಷ ವಿಲ್ಲಿ ಬ್ರಾಂಟ್ ಸರಕಾರ ಅವರನ್ನು ನಿಸರ್ಗರಕ್ಷಣೆಯ ಅಧಿಕಾರಿಯನ್ನಾಗಿ ನೇಮಿಸಿತು. ಹೆಸರಿಗೆ ಪದವಿ, ಕೈಗೆ ಅಧಿಕಾರವಿಲ್ಲ ಎಂಬುದು ತಿಳಿದಾಗ ೧೯೭೩ರಲ್ಲಿ ಅದನ್ನು ಬಿಟ್ಟು ಹೊರಬಂದರು. ಈ ನಡುವೆ ೧೯೬೭ರಿಂದ ೧೯೭೨ರವರೆಗೆ ಹದಿಮೂರು ಸಂಪುಟಗಳ ಪ್ರಾಣಿವಿಶ್ವಕೋಶವನ್ನೂ ಸಂಪಾದಿಸಿದರು.

ಜನ ಒಬ್ಬನನ್ನು ಅಣಕಿಸತೊಡಗಿದರೆ ಅವನು ಮನೆಮಾತಾಗಿದ್ದಾನೆ ಎಂದೇ ಅರ್ಥ. ಲೊರಿಯೊ ಎಂಬ ಹೆಸರಿನಿಂದ ಪ್ರಸಿದ್ಧರಾದ ಹಾಸ್ಯಗಾರರು ೧೯೭೬ರಲ್ಲಿ ಗ್ಜಿಮೆಕ್ಕರ ದನಿ, ಠೀವಿಗಳನ್ನೇ ಅನುಕರಿಸಿ, ಕಲ್ಲನ್ನು ತಿಂದು ಬದುಕುವ ಒಂದು ಹೇನನ್ನು ದೂರದರ್ಶನದಲ್ಲಿ ವರ್ಣಿಸಿದರು. ಅಂಥ ಹೇನು ಲೋಕದಲ್ಲಿಲ್ಲ. ಆದರೆ ೧೯೮೩ರಲ್ಲಿ ಜರ್ಮನರ ಒಂದು ಗಂಭೀರ ವೈದ್ಯಕೋಶದಲ್ಲಿ ವಿನೋದಕ್ಕಾಗಿ ಆ ಕಲ್ಲುಹೇನಿಗೂ ಒಂದು ಉಲ್ಲೇಖ ಸೇರಿತು. ಮುಂದಿನ ಒಂದು ಮುದ್ರಣದಲ್ಲಿ ತೆಗೆದುಹಾಕಿದಾಗ ಓದುಗರು ಗಲಾಟೆಮಾಡಿ ಅದನ್ನು ಮತ್ತೆ ಸೇರಿಸಿಸಿದರು! ಗ್ಜಿಮೆಕ್ಕರ ದನಿಯಲ್ಲಿ ಹೇಳಿದರೆ ಇಲ್ಲದ ಪ್ರಾಣಿಯೂ ಇದೆ ಎನ್ನಿಸಬೇಕು, ಅದೇ ಆ ನಗೆಯ ಗುಟ್ಟು.

ಇಷ್ಟು ಹೇಳಿ ಮಂಗಳ ಹಾಡಿಬಿಡಬಹುದಾಗಿತ್ತು. ಆದರೆ ಆ ಕಂಠ ಹೇಳದೆ ಬಿಟ್ಟದ್ದನ್ನೂ ನಾವು ನೋಡಬೇಕು.

ಮೊದಲನೆಯದು ಮಸಾಯಿ ಜನರ ವಿಷಯ. ಸೆರೆಂಗೆಟಿ ಎಂಬ ಹೆಸರನ್ನೇ ಕೊಟ್ಟವರು ಅವರು. ಆ ಬಯಲಿನ ಮೊರು ಬಂಡೆಗಳ ಮೇಲೆ ಅವರು ಬರೆದ ಗುರಾಣಿಯ ಚಿತ್ರಗಳನ್ನು ಇಂದಿಗೂ ಕಾಣಬಹುದು. ಆದರೆ ರಾಷ್ಟ್ರೀಯ ಉದ್ಯಾನದಲ್ಲಿ ಮನುಷ್ಯನಿರಕೂಡದು, ಆ ನೆಲದ ಮೂಲನಿವಾಸಿಯೂ ಇರಕೂಡದು ಎಂಬುದು ಗ್ಜಿಮೆಕ್ಕರ ಖಚಿತ ಮತ. ೧೯೫೯ರಲ್ಲಿ ಗೊರೊಂಗೊರೊ ಪ್ರದೇಶವನ್ನು ಉದ್ಯಾನದಿಂದ ಬೇರ್ಪಡಿಸಿ, ಉದ್ಯಾನದೊಳಗಿದ್ದ ಮಸಾಯಿಗಳನ್ನು ಅತ್ತ ಸಾಗಿಸಿದರು. ಆ ನಿರ್ಣಯ ಬ್ರಿಟಿಷ್ ಅಧಿಕಾರಿಗಳದು. ಎಲ್ಲೆಯನ್ನು ಕತ್ತರಿಸಿದ್ದು ಗ್ಜಿಮೆಕ್ಕರಿಗೂ ಒಪ್ಪಿಗೆಯಾಗಿರಲಿಲ್ಲ. ಆದರೆ ಯೂರೋಪಿನ ಮನೆಮನೆಗಳಲ್ಲಿ ಕುಳಿತವರಿಗೆ ಅವರು ಕಾಣಿಸಿದ ಆಫ್ರಿಕ ಮೃಗಗಳ ಆಫ್ರಿಕ. ಅಲ್ಲಿ ದನ ಕಾಯುವವನ ಹಟ್ಟಿ, ಅವನ ಹೆಂಡತಿ ಮಕ್ಕಳು, ಅವನ ನೀರಿನ ಚಿಂತೆ, ಇವಕ್ಕೆ ತೆರೆಯ ಮೇಲೆ ಜಾಗ ಸಿಕ್ಕಿದ್ದು ಕಡಿಮೆ. ಗೊರೊಂಗೊರೊವಿನ ಮಸಾಯಿಗಳನ್ನು ಅಲ್ಲಿಂದಲೂ ದೂರದ ಹಂಡೇನಿ ಸೀಮೆಗೆ ಸಾಗಿಸುವ ಕೆಲಸವನ್ನು ಟಾನ್ಜಾನಿಯ ಸರಕಾರ ೨೦೨೨ರಲ್ಲಿ ಆರಂಭಿಸಿತು. ಒಮ್ಮೆ ಎತ್ತಿದ ಗುಡಿಸಲು ಎಲ್ಲಿ ಊರಿದರೂ ಭದ್ರವಾಗಲಿಲ್ಲ.

ಎರಡನೆಯದು ಇದಕ್ಕೆ ಅಂಟಿಕೊಂಡದ್ದೇ. ವಿಲ್ಡಬೀಸ್ಟುಗಳ ಸಂಖ್ಯೆ ಕ್ಷೀಣಿಸಿದ್ದಕ್ಕೆ ಒಂದು ದೊಡ್ಡ ಕಾರಣ ದನಗಳಿಗೆ ತಗಲುವ ದೊಡ್ಡರೋಗವೆಂದು ಅನಂತರದ ವಿಜ್ಞಾನಿಗಳು ತೋರಿಸಿಕೊಟ್ಟರು. ೧೮೯೦ರ ಸುಮಾರಿಗೆ ಹೊರಗಿನಿಂದ ಬಂದ ಆ ಪಿಡುಗು ಮಸಾಯಿಗಳ ದನಗಳನ್ನೂ ಕಾಡುಮೃಗಗಳನ್ನೂ ಒಟ್ಟಿಗೆ ಕೊಂದಿತ್ತು. ಸುತ್ತಣ ಹಟ್ಟಿಗಳ ದನಗಳಿಗೆ ಲಸಿಕೆ ಹಾಕಿದ ಮೇಲೆ, ೧೯೬೦ರ ದಶಕದ ಮೊದಲ ವರ್ಷಗಳಲ್ಲಿ, ರೋಗವು ವಿಲ್ಡಬೀಸ್ಟುಗಳಿಂದಲೂ ತೊಲಗಿತು. ಒಂದು ಲಕ್ಷದಷ್ಟೆಂದು ಎಣಿಸಿದ್ದ ಮಂದೆ ಆ ಮುಂದಿನ ದಶಕ ಮುಗಿಯುವ ಹೊತ್ತಿಗೆ ಹದಿಮೂರು ಲಕ್ಷದ ಹತ್ತಿರಕ್ಕೆ ಬೆಳೆಯಿತು. ನೋಡಿದಿರಾ, ಯಾರ ದನಗಳು ಮೃಗಗಳಿಗೆ ಶತ್ರುವೆಂದು ಭಾವಿಸಿದ್ದರೋ ಆ ದನಗಳು ಆರೋಗ್ಯವಾದಾಗ ಮೃಗಗಳೂ ಉಳಿದವು. ಇದು ೧೯೫೯ರಲ್ಲಿ ಯಾರಿಗೂ ಪೂರ್ತಿಯಾಗಿ ತಿಳಿದಿರಲಿಲ್ಲ. ಆದ್ದರಿಂದ ಇದನ್ನು ಅವರ ತಪ್ಪೆಂದು ನಾನು ಹೇಳಲಾರೆ. ನಿಶ್ಚಯದ ದನಿಯಲ್ಲಿ ಹೇಳಿದ ಮಾತಿಗೂ ಮುಂದೆ ತಿದ್ದುಪಡಿ ಬರುತ್ತದೆ ಎಂಬ ಪಾಠ ಮಾತ್ರ ಅದರಲ್ಲಿದೆ.

ಮೂರನೆಯದು ಅವರದೇ ಬಾಳಿನ ವಿಷಯ. ೧೯೩೭ರಲ್ಲಿ ಅವರು ನಾಜಿ ಪಕ್ಷದ ಸದಸ್ಯರಾದರೆಂದು ದಾಖಲೆಗಳು ಹೇಳುತ್ತವೆ. ಯುದ್ಧಾನಂತರ ಅವರು ಅದನ್ನು ಒಪ್ಪಲಿಲ್ಲ. ಇದೇ ಕಾರಣದಿಂದ ೧೯೪೭ರ ಕೊನೆಯಲ್ಲಿ ಅಮೆರಿಕನ್ನರು ಅವರನ್ನು ಮೃಗಾಲಯದ ಕೆಲಸದಿಂದ ತೆಗೆದಿದ್ದರು. ವಿಚಾರಣೆಯ ಅನಂತರ ೧೯೪೮ರಲ್ಲಿ ಅವರು ಹಿಂತಿರುಗಿದರು. ೧೯೭೦ರ ದಶಕದಲ್ಲಿ ಕಿರಿದಾದ ಪಂಜರಗಳಲ್ಲಿ ಕೋಳಿಗಳನ್ನು ತುರುಕಿ ಮೊಟ್ಟೆ ಪಡೆಯುವ ಪದ್ಧತಿಯ ವಿರುದ್ಧ ಅವರು ಹೋರಾಡಿದರು. ಹಿಂದೆ ಕೋಳಿಯ ತಜ್ಞರಾಗಿದ್ದವರು, ಆ ಮೂಕ ಜೀವಿಗಳ ಸಂಕಟವನ್ನು ಬಲ್ಲವರು, ಹೋರಾಟ ನ್ಯಾಯವಾದದ್ದೇ. ಆದರೆ ಆ ಪಂಜರಗಳನ್ನು ನಾಜಿಗಳ ಸೆರೆಶಿಬಿರಗಳಿಗೆ ಹೋಲಿಸಿ ಮಾತನಾಡಿದರು. ಆ ಶಿಬಿರಗಳಲ್ಲಿ ಮಡಿದವರ ನೆನಪು ಹಸಿಯಾಗಿರುವ ನಾಡಿನಲ್ಲಿ, ತನ್ನ ಹಿಂದಿನ ಹಾಳೆಯನ್ನು ಮುಚ್ಚಿಟ್ಟುಕೊಂಡವರ ಬಾಯಲ್ಲಿ ಆ ಹೋಲಿಕೆ ಸಲ್ಲದು ಎಂದು ನನಗೆ ತೋರುತ್ತದೆ.

ಹಾಗಾದರೆ ಅವರನ್ನು ನಂಬಿದವರು ಮೋಸಹೋದರೆ? ಇಲ್ಲ. ಅವರು ಬೇಡಿ ತಂದ ಹಣ ಮೃಗಗಳಿಗೇ ಸಂದಿತು. ಅವರು ಮುನ್ನಡೆಸಿದ ಫ್ರಾಂಕ್‌ಫರ್ಟಿನ ಪ್ರಾಣಿಶಾಸ್ತ್ರ ಸಂಘ ಇಂದಿಗೂ ಸೆರೆಂಗೆಟಿಯಲ್ಲಿ ಕೆಲಸಮಾಡುತ್ತಿದೆ. ೧೯೮೧ರಲ್ಲಿ ಆ ಬಯಲು ವಿಶ್ವದ ಪರಂಪರೆಯ ಪಟ್ಟಿಗೆ ಸೇರಿತು. ಮಾತಿಲ್ಲದ ಪ್ರಾಣಿಗಳಿಗೆ ಮೂವತ್ತು ವರ್ಷ ಮಾತಾಗಿ ನಿಂತದ್ದು ಸಾಮಾನ್ಯವೇ? ಆದರೆ ಮೃಗಕ್ಕೆ ಮಾತಾದವರು ಮಸಾಯಿಗೂ ಎರಡು ಮಾತು ಎತ್ತಿಡಬಹುದಾಗಿತ್ತು. ತಮ್ಮ ಬಗ್ಗೆಯೂ ಒಂದು ಮಾತು ನುಡಿಯಬಹುದಾಗಿತ್ತು. ಸಂಜಯನು ಧೃತರಾಷ್ಟ್ರನಿಗೆ ಶತ್ರುಗಳ ಕಥೆಯನ್ನಷ್ಟೇ ಹೇಳಲಿಲ್ಲ. “ಇದಕ್ಕೆಲ್ಲ ನಿನ್ನ ತಪ್ಪೇ ಕಾರಣ” ಎಂದು ಉಪ್ಪಿತ್ತ ಒಡೆಯನ ಮುಖಕ್ಕೇ ನುಡಿದನು. ಅವನ ಮಾತು ಇಂದಿಗೂ ಮಾನ್ಯವಾಗಿರುವುದು ಅದಕ್ಕಾಗಿ.

ನಾವು ಮೇಷ್ಟರುಗಳೂ ಇದೇ ಪಂಕ್ತಿಯವರೇ. ನಾವು ಹೇಳಿದ್ದನ್ನು ಮಕ್ಕಳು ಕಲಿಯುತ್ತಾರೆ. ಬಿಟ್ಟದ್ದನ್ನು ಇಲ್ಲವೆಂದು ಕಲಿಯುತ್ತಾರೆ. ಎರಡನೆಯ ಪಾಠ ಮೊದಲನೆಯದಕ್ಕಿಂತ ಬಲವಾಗಿ ನಿಲ್ಲುವುದನ್ನು ಎಷ್ಟೋ ಸಲ ಕಂಡು ನಾನೇ ತಲೆತಗ್ಗಿಸಿದ್ದೇನೆ.

೧೯೮೭ರ ಮಾರ್ಚಿ ೧೩ರಂದು, ಫ್ರಾಂಕ್‌ಫರ್ಟಿನಲ್ಲಿ, ಮಕ್ಕಳ ಜೊತೆ ಸರ್ಕಸ್ಸಿನಲ್ಲಿ ಹುಲಿಗಳ ಆಟವನ್ನು ನೋಡುತ್ತಿದ್ದಾಗಲೇ ಗ್ಜಿಮೆಕ್ ಕೊನೆಯುಸಿರೆಳೆದರು. ಎಪ್ಪತ್ತೇಳು ವರ್ಷ. ಅವರ ಚಿತಾಭಸ್ಮವನ್ನು ಗೊರೊಂಗೊರೊವಿಗೆ ಒಯ್ದು ಮಗನ ಮಗ್ಗುಲಲ್ಲಿ ಇಟ್ಟರು. ಜ್ವಾಲಾಮುಖಿಯ ಅಂಚಿನಲ್ಲಿ ತಂದೆ ಮಗ ಇಬ್ಬರಿಗೂ ಇಂದು ಒಂದೇ ಗುರುತುಕಲ್ಲು. ಕೆಳಗಣ ಬಟ್ಟಲಿನಂಥ ಕಣಿವೆಯಲ್ಲಿ ಜೀಬ್ರಾಗಳು ಮೇಯುತ್ತಿರುತ್ತವೆ. ಮೇಲಣ ಹುಲ್ಲುಗಾವಲುಗಳಲ್ಲಿ, ಇನ್ನೂ ಉಳಿದಿರುವ ಮಸಾಯಿ ಹುಡುಗರು ದನ ಕಾಯುತ್ತಿರುತ್ತಾರೆ. ಮುಂದೊಮ್ಮೆ ಆ ನಾಡಿನ ಚಿತ್ರವನ್ನು ನೀವು ತೆರೆಯ ಮೇಲೆ ನೋಡಿದಾಗ, ವಾಚಕರೇ, ಜೀಬ್ರಾಗಳನ್ನು ಕಣ್ತುಂಬ ನೋಡಿ. ಆಮೇಲೆ ಆ ಹುಡುಗ ಎಲ್ಲಿದ್ದಾನೆ ಎಂದೂ ಒಮ್ಮೆ ಕೇಳಿ.